ಪ್ರೆಸ್ ಮಷಿನ್ ಸದ್ದಿನಿಂದ ಕತ್ತಲೆಯ ಸಂಗೀತ: ಎಸ್‌ಪಿಕೆ ದಾರಿಯಲ್ಲಿ ಒಂದು ಟ್ರ್ಯಾಕ್ ಮಾಡುವ ಬಗೆ

ಪೀಣ್ಯದಲ್ಲಿ ನನ್ನ ಸೋದರಮಾವನದೊಂದು ಸಣ್ಣ ಪ್ರೆಸ್ ಶಾಪ್ ಇದೆ, ತಗಡನ್ನು ಒತ್ತಿ ಪೀಸ್ ಮಾಡುವಂಥದ್ದು. ಅಲ್ಲಿ ಕರೆಂಟ್ ಹೋದಾಗ ಎಲ್ಲವೂ ಒಟ್ಟಿಗೆ ನಿಲ್ಲುವುದಿಲ್ಲ. ಲೈಟು ಹೋಗುತ್ತದೆ, ಗ್ರೈಂಡರ್ ಸುಮ್ಮನಾಗುತ್ತದೆ, ಫ್ಯಾನ್ ನಾಲ್ಕು ಸುತ್ತು ತಿರುಗಿ ನಿಲ್ಲುತ್ತದೆ. ಪವರ್ ಪ್ರೆಸ್ಸಿನ ಫ್ಲೈವೀಲ್ ಅನ್ನುವ ದೊಡ್ಡ ಚಕ್ರ ಮಾತ್ರ ತನ್ನ ಭಾರಕ್ಕೆ ತಾನೇ ತಿರುಗುತ್ತಾ ಇರುತ್ತದೆ. ಗುಂಯ್ ಅನ್ನುವ ಸದ್ದು ನಿಧಾನಕ್ಕೆ ಕೆಳಗಿಳಿಯುತ್ತದೆ. ಬೆಲ್ಟು ಪಟ್ ಪಟ್ ಅನ್ನುತ್ತಿರುತ್ತದೆ, ಆ ಪಟ್ ಪಟ್ ನಡುವಿನ ಬಿಡುವು ದೊಡ್ಡದಾಗುತ್ತಾ ಹೋಗುತ್ತದೆ. ಕೊನೆಯಲ್ಲಿ ಚಕ್ರ ಒಂದಿಷ್ಟು ಹಿಂದಕ್ಕೆ ಜಗ್ಗಿ ನಿಲ್ಲುತ್ತದೆ. ಇಷ್ಟಕ್ಕೆ ಒಂದು ನಿಮಿಷಕ್ಕಿಂತ ಜಾಸ್ತಿ ಹಿಡಿಯುತ್ತದೆ.

ನನಗೆ ತೃಪ್ತಿ ಕೊಟ್ಟ ಮೊದಲ ಟ್ರ್ಯಾಕ್ ಹುಟ್ಟಿದ್ದು ಆ ಒಂದು ನಿಮಿಷದಿಂದ. ಅದನ್ನು ಹೇಗೆ ಮಾಡಿದೆ ಅಂತ ಇಲ್ಲಿ ಬರೆಯುತ್ತೇನೆ. ನಿಮ್ಮ ಹತ್ತಿರ ಪ್ರೆಸ್ ಇರಲೇಬೇಕು ಅಂತಿಲ್ಲ. ಹಿಟ್ಟಿನ ಗಿರಣಿ, ಬೋರ್‌ವೆಲ್ ಪೈಪು, ಮನೆಯ ಕಬ್ಬಿಣದ ಗೇಟು, ಯಾವುದಾದರೂ ಆಗುತ್ತದೆ.

ದಾರಿ ತೋರಿಸಿದ್ದು ಎಸ್‌ಪಿಕೆ ಅನ್ನುವ ತಂಡ. 1978ರಲ್ಲಿ ಆಸ್ಟ್ರೇಲಿಯಾದ ಸಿಡ್ನಿಯಲ್ಲಿ ಶುರುವಾಯಿತು. ನ್ಯೂಜಿಲೆಂಡಿನವನಾದ ಗ್ರೇಮ್ ರೆವೆಲ್ ಮತ್ತು ನೀಲ್ ಹಿಲ್ ಅಲ್ಲಿನ ಒಂದು ಮಾನಸಿಕ ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದಾಗ ಪರಿಚಯವಾದವರು. ತಂಡದ ಹೆಸರು ಬಂದದ್ದು ಜರ್ಮನಿಯ ಹೈಡೆಲ್‌ಬರ್ಗಿನಲ್ಲಿ 1970ರಲ್ಲಿ ಹುಟ್ಟಿದ ಮಾನಸಿಕ ರೋಗಿಗಳ ಒಂದು ಸಂಘಟನೆಯಿಂದ. ಆಮೇಲೆ ಲಂಡನ್ನಿಗೆ ಹೋದರು. ಸ್ಟೇಜಿನ ಮೇಲೆ ಕಬ್ಬಿಣದ ಡ್ರಮ್ಮು, ಸರಪಳಿ ಬಡಿದರು, ಗ್ರೈಂಡರ್ ಹಿಡಿದು ಕಿಡಿ ಹಾರಿಸಿದರು. ಮೊದಲ ಆಲ್ಬಮ್‌ಗಳು ಕಿವಿಗೆ ಉಜ್ಜುಗಾಗದ ಹಾಕಿದ ಹಾಗೆ ಇವೆ. ಆದರೆ 1986ರ ಹೊತ್ತಿಗೆ ರೆವೆಲ್ ಬೇರೆಯೇ ಕಡೆ ತಿರುಗಿದ್ದ. ಸದ್ದು ಕಡಿಮೆಯಾಯಿತು, ಸದ್ದಿನ ಸುತ್ತ ಜಾಗ ದೊಡ್ಡದಾಯಿತು. ಅದೇ ವರ್ಷ ಕೀಟಗಳ ಸದ್ದನ್ನು ಫೇರ್‌ಲೈಟ್ ಕಂಪ್ಯೂಟರಿಗೆ ತುಂಬಿ, ಅದರಿಂದಲೇ ಒಂದು ಪೂರ್ತಿ ಆಲ್ಬಮ್ ಮಾಡಿದ. ಆ ಫೇರ್‌ಲೈಟ್ ಕೂಡ ಸಿಡ್ನಿಯಲ್ಲೇ ಹುಟ್ಟಿದ ಯಂತ್ರ. ಮುಂದೆ ಅವನು ಸಿನಿಮಾಕ್ಕೆ ಹೋದ. 1989ರ 'ಡೆಡ್ ಕಾಮ್', 1994ರ 'ದಿ ಕ್ರೋ' ಎರಡಕ್ಕೂ ಹಿನ್ನೆಲೆ ಸಂಗೀತ ಅವನದೇ.

ಇದೇ ತಂಡದ ಜೊತೆ ಕೆಲಸ ಮಾಡಿದ ಇನ್ನೊಬ್ಬ ಬ್ರಯಾನ್ ವಿಲಿಯಮ್ಸ್, ವೇಲ್ಸ್‌ನವನು. ಲಸ್ಟ್‌ಮೋರ್ಡ್ ಅನ್ನುವ ಹೆಸರಲ್ಲಿ ಅವನು ಗುಹೆ, ಚರ್ಚಿನ ನೆಲಮಾಳಿಗೆ, ಕಸಾಯಿಖಾನೆಗಳಲ್ಲಿ ರೆಕಾರ್ಡ್ ಮಾಡಿದ. ಇವರಿಬ್ಬರನ್ನೂ ವರ್ಷಗಟ್ಟಲೆ ಕೇಳಿದ ಮೇಲೆ ನನಗೆ ಒಂದು ವಿಷಯ ಗಟ್ಟಿಯಾಯಿತು. ಜೋರು ಮಾಡಿದರೆ ಕಿವಿ ಮುಚ್ಚಿಕೊಳ್ಳುತ್ತದೆ. ಸದ್ದಿಗೆ ಒಂದು ಜಾಗ ಮಾಡಿಕೊಟ್ಟರೆ ಕೇಳುವವರು ತಾವೇ ಅದರೊಳಗೆ ನಡೆದು ಹೋಗುತ್ತಾರೆ. ಸಿನಿಮಾ ನೋಡಿದ ಹಾಗಾಗುವುದು ಆಗಲೇ. ಕೆಳಗೆ ಬರೆದದ್ದೆಲ್ಲ ಆ ಜಾಗ ಮಾಡುವ ಕೆಲಸ.

ಸಾಮಾನು ಜಾಸ್ತಿ ಬೇಡ. ಒಂದು ಲ್ಯಾಪ್‌ಟಾಪ್, ಸದ್ದನ್ನು ಲ್ಯಾಪ್‌ಟಾಪಿಗೆ ಮುಟ್ಟಿಸುವ, ಗಿಟಾರ್ ಹಾಕುವ ತೂತಿರುವ ಒಂದು ಆಡಿಯೋ ಇಂಟರ್‌ಫೇಸ್, ಕಿವಿ ಪೂರ್ತಿ ಮುಚ್ಚುವ ಹೆಡ್‌ಫೋನ್. ಸಾಫ್ಟ್‌ವೇರ್ ನಾನು ಬಳಸುವುದು ರೀಪರ್. 60 ದಿನ ಬಿಟ್ಟಿಯಾಗಿ ಬಳಸಿ ನೋಡಬಹುದು. ಅದರ ಜೊತೆ ಬರುವ ಎಫೆಕ್ಟ್‌ಗಳೇ ಈ ಕೆಲಸಕ್ಕೆ ಸಾಕು. ಇವಿಷ್ಟು ಇದ್ದರೆ ಇನ್ನು ಬೇಕಾಗಿರುವುದು ಕಾಂಟ್ಯಾಕ್ಟ್ ಮೈಕ್, ಅಂದರೆ ವಸ್ತುವಿಗೆ ಅಂಟಿಕೊಂಡು ಅದರ ಕಂಪನವನ್ನೇ ಹಿಡಿಯುವ ಮೈಕ್. ಅದನ್ನು ಕೊಳ್ಳಬೇಡಿ, ಮಾಡಿ.

ಬೆಂಗಳೂರಿನಲ್ಲಿದ್ದರೆ ಎಸ್‌ಪಿ ರೋಡಿಗೆ ಹೋಗಿ. 'ಪೀಜೋ ಬಜರ್ ಡಿಸ್ಕ್, 27 ಎಂಎಂ' ಅಂತ ಕೇಳಿ. ಹಿತ್ತಾಳೆಯ ತೆಳು ಬಿಲ್ಲೆ, ನಡುವೆ ಬೆಳ್ಳಗಿನ ಇನ್ನೊಂದು ಬಿಲ್ಲೆ ಅಂಟಿರುತ್ತದೆ. ಐದಾರು ತೊಗೊಳ್ಳಿ, ಮೊದಲ ಎರಡು ಹಾಳಾಗುತ್ತವೆ. ಶೀಲ್ಡ್ ಇರುವ ವೈರನ್ನೇ ಹಾಕಿ, ಸಾದಾ ವೈರ್ ಹಾಕಿದರೆ ಕರೆಂಟಿನ ಹಮ್ ತುಂಬಿಕೊಳ್ಳುತ್ತದೆ. ವೈರಿನ ಒಳಗಿನ ಎಳೆ ಬಿಳಿ ಭಾಗಕ್ಕೆ, ಹೊರಗಿನ ಜಾಲರಿ ಹಿತ್ತಾಳೆಗೆ. ಬಿಳಿ ಭಾಗಕ್ಕೆ ಸೋಲ್ಡರಿಂಗ್ ಐರನ್ ಎರಡು ಸೆಕೆಂಡಿಗಿಂತ ಜಾಸ್ತಿ ಹಿಡಿಯಬೇಡಿ. ಹಿಡಿದರೆ ಮೇಲಿನ ಬೆಳ್ಳಿಯ ಪದರ ಎದ್ದು ಬರುತ್ತದೆ, ಬಿಲ್ಲೆ ಅಲ್ಲಿಗೆ ಮುಗಿಯಿತು. ಬೆಸುಗೆ ಆರಿದ ಮೇಲೆ ಎರಡು ಸಲ ನೇಲ್ ಪಾಲಿಷ್ ಬಳಿದು ಒಣಗಿಸಿ. ಮಷಿನ್ನಿನ ಮೈ ತಾಗಿ ಶಾರ್ಟ್ ಆಗುವುದು ತಪ್ಪುತ್ತದೆ. ವೈರಿನ ಇನ್ನೊಂದು ತುದಿಗೆ ಗಿಟಾರ್ ಜ್ಯಾಕ್.

ಇಂಟರ್‌ಫೇಸಿನಲ್ಲಿ 'ಇನ್ಸ್ಟ್ರುಮೆಂಟ್' ಬಟನ್ ಒತ್ತಲೇಬೇಕು. ನಾನು ಮೊದಲ ಸಲ ಅದನ್ನು ಒತ್ತದೆ ಇಡೀ ಒಂದು ಮಧ್ಯಾಹ್ನ ರೆಕಾರ್ಡ್ ಮಾಡಿದ್ದೆ. ಮನೆಗೆ ಬಂದು ಕೇಳಿದರೆ ಟನ್ನುಗಟ್ಟಲೆ ತೂಕದ ಮಷಿನ್ನು ಚಮಚ ಬಡಿದ ಹಾಗೆ ಕೇಳಿಸುತ್ತಿತ್ತು. ಪೀಜೋಗೆ ಒಂದು ಮೆಗಾಓಮ್ ಆಸುಪಾಸಿನ ಇನ್‌ಪುಟ್ ಬೇಕು, ಆ ಬಟನ್ ಕೊಡುವುದು ಅದನ್ನೇ. ಅದಕ್ಕಿಂತ ತೀರಾ ಕಡಿಮೆ ಆದರೆ ಕೆಳಗಿನ ದಪ್ಪ ಸದ್ದೆಲ್ಲ ಸೋರಿ ಹೋಗುತ್ತದೆ. ಬೇರೆ ಬಗೆಯ ಮೈಕಿಗೆ ಕರೆಂಟ್ ಕೊಡುವ 48 ವೋಲ್ಟ್ ಬಟನ್ ಮಾತ್ರ ಆಫ್ ಇರಲಿ.

ಇನ್ನು ರೆಕಾರ್ಡಿಂಗ್. ಯಾವ ಶೆಡ್ಡಿಗೇ ಹೋಗಿ, ಮಾಲೀಕರನ್ನೂ ಮಷಿನ್ ನಡೆಸುವವರನ್ನೂ ಇಬ್ಬರನ್ನೂ ಕೇಳಿ. ಮಾವ ಹೂಂ ಅಂದರೂ, ಪ್ರೆಸ್ ನಡೆಸುವ ಅಣ್ಣ ಒಪ್ಪಿದ ಮೇಲೆಯೇ ನಾನು ವೈರ್ ಬಿಚ್ಚಿದ್ದು. ಅವರ ಕೈ ಡೈ (ತಗಡಿಗೆ ಆಕಾರ ಕೊಡುವ ಅಚ್ಚು) ಹತ್ತಿರ ಇರುವಾಗ ಮಾತಾಡಿಸಬೇಡಿ, ಎದುರಿಗೆ ಓಡಾಡಬೇಡಿ. ತಿರುಗುವ ಭಾಗದ ಹತ್ತಿರ ಮೈಕೂ ಬೇಡ, ವೈರೂ ಬೇಡ. ಮೈಕ್ ಇಡುವುದು ನಿಂತಿರುವ ಚೌಕಟ್ಟಿನ ಮೇಲೆ ಮಾತ್ರ. ಅದೂ ಮಷಿನ್ ನಿಂತಾಗ. ಕಿವಿಗೆ ಇಯರ್‌ಪ್ಲಗ್ ಇರಲಿ. 85 ಡೆಸಿಬೆಲ್ ಸದ್ದನ್ನು 8 ಗಂಟೆ ತಡೆಯಬಹುದು ಅಂತ ಒಂದು ಲೆಕ್ಕ ಇದೆ. ಅದರ ಪ್ರಕಾರ ಪ್ರತಿ 3 ಡೆಸಿಬೆಲ್‌ಗೆ ಸದ್ದು ಏರಿದಂತೆ ಆ ಹೊತ್ತು ಅರ್ಧ ಆಗುತ್ತದೆ. ಕಿವಿ ಹೋದರೆ ಈ ಸಂಗೀತವೂ ಹೋಯಿತು, ಅಲ್ವಾ?

ಪ್ರೆಸ್ಸಿನ ಮೈ ತುಂಬ ಎಣ್ಣೆ. ಟೇಪ್ ಅಂಟುವುದಿಲ್ಲ. ನಾನು ಒಂದು ಹಳೇ ಸ್ಪೀಕರಿನ ಮ್ಯಾಗ್ನೆಟ್ ತೆಗೆದು, ಬಿಲ್ಲೆಯ ಮೇಲೆ ಸೈಕಲ್ ಟ್ಯೂಬಿನ ಒಂದು ಚೂರು ಇಟ್ಟು, ಅದರ ಮೇಲೆ ಮ್ಯಾಗ್ನೆಟ್ ಕೂರಿಸಿದೆ. ಎರಕದ ಕಬ್ಬಿಣಕ್ಕೆ ಗಟ್ಟಿಯಾಗಿ ಕಚ್ಚಿಕೊಂಡಿತು. ಜಾಗ ಎರಡು ಗೇಣು ಬದಲಾದರೆ ಸದ್ದೇ ಬದಲಾಗುತ್ತದೆ. ಬುಡದಲ್ಲಿ ಇಟ್ಟರೆ ಬರೀ ಹೊಡೆತ. ಬೇರಿಂಗ್ ಇರುವ ಮೇಲ್ಭಾಗದ ಚೌಕಟ್ಟಿನ ಹಿಂಬದಿಗೆ ಇಟ್ಟರೆ ಒಳಗೆ ಯಾರೋ ಉಸಿರಾಡಿದ ಹಾಗೆ. ನಾನು ಉಳಿಸಿಕೊಂಡದ್ದು ಈ ಎರಡನೆಯದನ್ನು.

ಸ್ಯಾಂಪಲ್ ರೇಟ್ (ಸೆಕೆಂಡಿಗೆ ಸದ್ದನ್ನು ಎಷ್ಟು ಸಲ ಅಳೆಯುತ್ತದೆ ಅನ್ನುವ ಲೆಕ್ಕ) 96 ಕಿಲೋಹರ್ಟ್ಸ್ ಇಡಿ. ಕಾರಣ ಇದೆ. ಆಮೇಲೆ ಈ ಸದ್ದನ್ನು ನಾಲ್ಕು ಪಟ್ಟು ನಿಧಾನ ಮಾಡುತ್ತೀರಿ. 48ರಲ್ಲಿ ಹಿಡಿದ ಸದ್ದು ಅದರ ಅರ್ಧ, 24 ಕಿಲೋಹರ್ಟ್ಸ್‌ವರೆಗೆ ಮಾತ್ರ ಇರುತ್ತದೆ, ನಾಲ್ಕು ಪಟ್ಟು ನಿಧಾನ ಮಾಡಿದರೆ 6ಕ್ಕೆ ನಿಂತುಬಿಡುತ್ತದೆ. ಕಂಬಳಿ ಹೊದಿಸಿದ ಹಾಗೆ ಮಂಕು. 96ರಲ್ಲಿ ಹಿಡಿದರೆ 12 ಕಿಲೋಹರ್ಟ್ಸ್‌ವರೆಗೂ ಬರುತ್ತದೆ. ಕಬ್ಬಿಣದೊಳಗೆ ನಮ್ಮ ಕಿವಿಗೆ ಸಿಗದ ಸಣ್ಣ ಚೀರಾಟ ತುಂಬಾ ಇರುತ್ತದೆ, ನಿಧಾನ ಮಾಡಿದಾಗ ಅದು ಕೆಳಗಿಳಿದು ಬಂದು ಕೇಳಿಸುತ್ತದೆ. ಕೀಟಗಳ ಸಣ್ಣ ಸದ್ದನ್ನು ಹಿಡಿದು ವಾದ್ಯ ಮಾಡಿದ ರೆವೆಲ್‌ನ ಕೆಲಸ ನನಗೆ ಪೂರ್ತಿ ಅರ್ಥವಾದದ್ದು ಇದನ್ನು ನನ್ನ ಹೆಡ್‌ಫೋನಿನಲ್ಲಿ ಕೇಳಿದಾಗ.

ಫ್ಲೈವೀಲಿನ ಸದ್ದಿಗೆ ಕರೆಂಟ್ ಹೋಗುವುದನ್ನು ಕಾಯಬೇಕಾಗಿಲ್ಲ. ಶಿಫ್ಟ್ ಮುಗಿಯುವಾಗ ಮೋಟರ್ ಆಫ್ ಮಾಡುತ್ತಾರಲ್ಲ, ಆಗ ಸಿಗುತ್ತದೆ. ಆದರೆ ನನಗೆ ಸಿಕ್ಕಿದ್ದು ನಿಜವಾಗಿ ಕರೆಂಟ್ ಹೋದಾಗ. ಲ್ಯಾಪ್‌ಟಾಪ್ ಬ್ಯಾಟರಿಯಲ್ಲಿತ್ತು, ಇಂಟರ್‌ಫೇಸ್ ಅದರಿಂದಲೇ ಓಡುತ್ತಿತ್ತು. ಇಡೀ ಶೆಡ್ಡು ಸುಮ್ಮನಾಗಿ, ಆ ಒಂದು ಚಕ್ರ ಮಾತ್ರ ಉಳಿಯಿತು. ಯಾರೂ ಮಾತಾಡಲಿಲ್ಲ.

ಮನೆಗೆ ಬಂದ ಮೇಲೆ ಎರಡು ದಿನ ಏನೂ ಮಾಡಬೇಡಿ, ಸುಮ್ನೆ ಪೂರ್ತಿ ಕೇಳಿ. ಒಂದು ಗಂಟೆಯ ರೆಕಾರ್ಡಿಂಗಿನಿಂದ ನಾನು ಹನ್ನೊಂದು ಚೂರು ಆರಿಸಿದೆ. ಕೊನೆಗೆ ಬಳಸಿದ್ದು ನಾಲ್ಕು: ಫ್ಲೈವೀಲ್ ಇಳಿಯುವುದು, ಪ್ರೆಸ್ಸಿನ ಹೊಡೆತ, ತಗಡು ಜಾರುವ ಸದ್ದು, ಟ್ರಾನ್ಸ್‌ಫಾರ್ಮರ್ ಹಮ್.

ರೀಪರಿನಲ್ಲಿ ಚೂರಿನ ಮೇಲೆ ಕ್ಲಿಕ್ ಮಾಡಿ ಎಫ್2 ಒತ್ತಿ. 'ಪ್ರಿಸರ್ವ್ ಪಿಚ್' ಟಿಕ್ ತೆಗೆಯಿರಿ. ಪ್ಲೇಬ್ಯಾಕ್ ರೇಟ್ 0.5 ಹಾಕಿದರೆ ಸದ್ದು ಒಂದು ಆಕ್ಟೇವ್ (ಸ್ಥಾಯಿ) ಕೆಳಗೆ, ಉದ್ದ ಎರಡರಷ್ಟು. 0.25 ಹಾಕಿದರೆ ಎರಡು ಆಕ್ಟೇವ್ ಕೆಳಗೆ, ಉದ್ದ ನಾಲ್ಕರಷ್ಟು. ಅರ್ಧ ಸೆಕೆಂಡಿನ ತಗಡಿನ ಸದ್ದು ಎರಡು ಸೆಕೆಂಡಿನ ನರಳಾಟ ಆಗುತ್ತದೆ. ಟಿಕ್ ತೆಗೆಯದೆ ನಿಧಾನ ಮಾಡಿದರೆ ಸಾಫ್ಟ್‌ವೇರ್ ಸದ್ದನ್ನು ಚೂರು ಚೂರು ಮಾಡಿ ಹೊಲಿಯುತ್ತದೆ, ಆ ಹೊಲಿಗೆ ಕಿವಿಗೆ ಗೊತ್ತಾಗುತ್ತದೆ.

ಈಗ ಶ್ರುತಿ. ಹೌದು, ಈ ಸಂಗೀತಕ್ಕೂ ಶ್ರುತಿ ಬೇಕು. ತಂಬೂರಿ ಕೇಳಿ ಬೆಳೆದ ಕಿವಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಕರೆಂಟು 50 ಹರ್ಟ್ಸ್. ಟ್ರಾನ್ಸ್‌ಫಾರ್ಮರಿನ ಕಬ್ಬಿಣ ಒಂದೊಂದು ಸುತ್ತಿಗೂ ಎರಡು ಸಲ ಹಿಗ್ಗಿ ಕುಗ್ಗುವುದರಿಂದ ಅದು ಗುಂಯ್‌ಗುಡುವುದು 100 ಹರ್ಟ್ಸ್‌ನಲ್ಲಿ. ಕೀಬೋರ್ಡಿನಲ್ಲಿ ಇದಕ್ಕೆ ಹತ್ತಿರದ ಮನೆ ಜಿ, 98 ಹರ್ಟ್ಸ್. ಅಂದರೆ ನಿಮ್ಮ ಸಿಂಥ್‌ನ ಜಿಯನ್ನು 35 ಸೆಂಟ್ (ಪಕ್ಕದ ಮನೆಗಿರುವ ಅಂತರದ ನೂರರಲ್ಲಿ 35 ಭಾಗ) ಏರಿಸಿದರೆ ಬೀದಿ ಟ್ರಾನ್ಸ್‌ಫಾರ್ಮರಿಗೆ ಸರಿಯಾಗಿ ಕೂಡುತ್ತದೆ. ಸಿಡ್ನಿಯಲ್ಲೂ ಲಂಡನ್ನಿನಲ್ಲೂ ಕರೆಂಟು 50 ಹರ್ಟ್ಸೇ. ಅಲ್ಲಿನ ಹಮ್ಮಿಗೂ ನಮ್ಮದಕ್ಕೂ ಶ್ರುತಿ ಒಂದೇ ಅನ್ನುವುದು ನನಗೆ ಬಹಳ ಖುಷಿ ಕೊಟ್ಟ ಸಂಗತಿ. ಅಮೆರಿಕದಲ್ಲಿರುವವರಿಗೆ 60 ಹರ್ಟ್ಸ್ ಕರೆಂಟು, ಅವರು 120ಕ್ಕೆ ಕೂಡಿಸಿಕೊಳ್ಳಬೇಕು.

ನಾನು ಒಂದು ಸೈನ್ ವೇವ್ (ಬೇರೇನೂ ಬೆರೆಯದ ಒಂಟಿ ಸ್ವರ) 50ಕ್ಕೆ ಇಟ್ಟು, ಅದರ ಮೇಲೆ ರೆಕಾರ್ಡ್ ಮಾಡಿದ ಹಮ್ ಇಟ್ಟೆ. ಉಳಿದ ಚೂರುಗಳ ವೇಗ ಅಷ್ಟಿಷ್ಟು ಬದಲಿಸಿ ಈ ಶ್ರುತಿಗೆ ಹತ್ತಿರ ತಂದೆ. ಫ್ಲೈವೀಲನ್ನು ಮಾತ್ರ ಶ್ರುತಿಗೆ ಎಳೆಯಲಿಲ್ಲ. ಅದು ಮೇಲಿನಿಂದ ಜಾರುತ್ತಾ ಬಂದು ಒಂದು ಗಳಿಗೆ ಶ್ರುತಿಯನ್ನು ತಾಗಿ, ಅದನ್ನೂ ದಾಟಿ ಕೆಳಗೆ ಹೋಗುತ್ತದೆ. ಆ ತಾಗುವ ಗಳಿಗೆಗಾಗಿಯೇ ಇಡೀ ಟ್ರ್ಯಾಕ್ ಇದೆ.

ಮೊಬೈಲಿನ ಸ್ಪೀಕರಿಗೆ 50 ಹರ್ಟ್ಸ್ ಎತ್ತುವ ಶಕ್ತಿ ಇಲ್ಲ. ಸೈನ್ ವೇವಿಗೆ ಸ್ವಲ್ಪ ಡಿಸ್ಟಾರ್ಷನ್ ಕೊಡಿ, ಅಂದರೆ ಸದ್ದನ್ನು ಬೇಕಂತಲೇ ಒರಟು ಮಾಡಿ. 100, 150, 200ರಲ್ಲಿ ಹೊಸ ಸ್ವರಗಳು ಹುಟ್ಟುತ್ತವೆ, ಅವನ್ನು ಕೇಳಿದ ಕಿವಿ ಕೆಳಗಿನ 50ನ್ನು ತಾನೇ ತುಂಬಿಕೊಳ್ಳುತ್ತದೆ.

ಜಾಗದ ವಿಷಯಕ್ಕೆ ಬರೋಣ. ಸಾಫ್ಟ್‌ವೇರಿನ 'ಕೆಥೆಡ್ರಲ್' ರಿವರ್ಬ್ (ದೊಡ್ಡ ಚರ್ಚಿನ ಮೊಳಗು ಕೊಡುವ ಎಫೆಕ್ಟ್) ಹಾಕಿ ಮುಗಿಸಬಹುದು. ಬೇಡ. ಎಲ್ಲರ ಟ್ರ್ಯಾಕಿನಲ್ಲೂ ಅದೇ ಚರ್ಚು ಇರುತ್ತದೆ. ನಮ್ಮ ಮನೆಯಲ್ಲಿ ವರ್ಷಕ್ಕೊಮ್ಮೆ ಸಂಪ್ ತೊಳೆಯಲು ಖಾಲಿ ಮಾಡುತ್ತೇವೆ. ಸಿಮೆಂಟಿನ ನುಣುಪು ಗೋಡೆ, ಸಣ್ಣ ಬಾಯಿ, ಒಳಗೆ ಒಂದು ಮಾತಾಡಿದರೆ ಸುತ್ತಿ ಸುತ್ತಿ ಬರುತ್ತದೆ. ಒಂದು ಬ್ಲೂಟೂತ್ ಸ್ಪೀಕರನ್ನು ಹಗ್ಗಕ್ಕೆ ಕಟ್ಟಿ ಒಳಗೆ ಇಳಿಬಿಟ್ಟೆ. ಇನ್ನೊಂದು ಹಗ್ಗದಲ್ಲಿ ರೆಕಾರ್ಡರ್, ಸ್ಪೀಕರಿನಿಂದ ಆದಷ್ಟು ದೂರ, ಗೋಡೆಯ ಮೂಲೆಗೆ ತಿರುಗಿಸಿ. ಪ್ರೆಸ್ಸಿನ ಹೊಡೆತವನ್ನು ಒಳಗೆ ನುಡಿಸಿ ಮತ್ತೆ ರೆಕಾರ್ಡ್ ಮಾಡಿದೆ. ದಯವಿಟ್ಟು ನೀವು ಸಂಪಿನೊಳಗೆ ಇಳಿಯಬೇಡಿ. ಮುಚ್ಚಿದ ಜಾಗದಲ್ಲಿ ಗಾಳಿ ಕೆಟ್ಟಿರುತ್ತದೆ, ಇಳಿದವರು ಸತ್ತಿರುವುದು ಉಂಟು. ಹಗ್ಗ ಸಾಕು.

ಇನ್ನೂ ಒಂದು ದಾರಿ. ಸಂಪಿನ ಬಾಯಲ್ಲಿ ಒಂದು ಬಲೂನ್ ಒಡೆದು ಅದರ ಮೊಳಗನ್ನು ಒಳಗಿನ ರೆಕಾರ್ಡರಿನಲ್ಲಿ ಹಿಡಿಯಿರಿ. ಆ ಫೈಲನ್ನು ರೀಪರಿನ 'ರೀವರ್ಬ್' (ReaVerb) ಎಫೆಕ್ಟಿಗೆ ಹಾಕಿದರೆ, ಯಾವ ಸದ್ದನ್ನು ಬೇಕಾದರೂ ಆ ಸಂಪಿನಲ್ಲಿ ಇಟ್ಟ ಹಾಗೆ ಕೇಳಿಸಬಹುದು. ರಿವರ್ಬಿಗೆ ಹೋಗುವ ಮೊದಲು 150 ಹರ್ಟ್ಸ್ ಕೆಳಗಿನದನ್ನು ಕತ್ತರಿಸಿ, ಇಲ್ಲದಿದ್ದರೆ ಕೆಳಗೆಲ್ಲ ಕೆಸರಾಗುತ್ತದೆ.

ತಾಳದಲ್ಲಿ ನಾನು ಮೊದಲು ತಪ್ಪಿದ್ದೆ. ಡ್ರಮ್ ಲೂಪ್ ಹಾಕಿ ಪ್ರೆಸ್ಸನ್ನು ಅದಕ್ಕೆ ಹೊಂದಿಸಲು ಹೋದೆ. ಸತ್ತ ಹಾಗಾಯಿತು. ಆಮೇಲೆ ಎಣಿಸಿದೆ. ಆ ಪ್ರೆಸ್ಸು ಪೆಡಲ್ ಒತ್ತಿದಾಗ ಮಾತ್ರ ಬೀಳುವಂಥದ್ದು. ಅಣ್ಣ ತಗಡು ಇಟ್ಟು, ಪೆಡಲ್ ಒತ್ತಿ, ಆದ ಪೀಸ್ ತೆಗೆದು ಕ್ರೇಟಿಗೆ ಹಾಕಿ, ಮತ್ತೆ ತಗಡು ಇಡುತ್ತಾರೆ. ನಿಮಿಷಕ್ಕೆ ಸುಮಾರು 26 ಹೊಡೆತ. ಹಾಗಾಗಿ ಪ್ರಾಜೆಕ್ಟ್ ಟೆಂಪೋ 104 (ನಿಮಿಷಕ್ಕೆ 104 ಎಣಿಕೆ) ಮಾಡಿದೆ, ನಾಲ್ಕು ಎಣಿಕೆಗೆ ಒಂದು ಹೊಡೆತ. ಒಂದೊಂದು ಹೊಡೆತ ಸ್ವಲ್ಪ ಮುಂಚೆ, ಒಂದೊಂದು ಸ್ವಲ್ಪ ತಡ. ಅದನ್ನು ಸರಿಮಾಡಬೇಡಿ. ಬೇಕಾದರೆ ಸಿಂಥನ್ನು ಗ್ರಿಡ್ಡಿಗೆ ಕಟ್ಟಿಹಾಕಿ, ಹೊಡೆತವನ್ನು ಇದ್ದ ಹಾಗೆ ಬಿಡಿ. ಯಂತ್ರ ಅಂದುಕೊಂಡು ಕೇಳುತ್ತಿರುವಾಗ ಹಿಂದೆ ಒಬ್ಬ ಮನುಷ್ಯ ಇದ್ದಾನೆ ಅಂತ ಗೊತ್ತಾಗುವುದು ಆ ಏರುಪೇರಿನಿಂದ.

ಡಿಸ್ಟಾರ್ಷನ್ ಬಗ್ಗೆ ಒಂದೇ ಮಾತು. ಒಂದು ಹೊತ್ತಿಗೆ ಒಂದೇ ಸದ್ದಿಗೆ ಕೊಡಿ. ಅದನ್ನೂ ಪಕ್ಕದ ಇನ್ನೊಂದು ಟ್ರ್ಯಾಕಿನಲ್ಲಿ ಕೊಟ್ಟು, ಮೂಲ ಸದ್ದಿನ ಕೆಳಗೆ ಬೆರೆಸಿ.

ಇನ್ನು ದೃಶ್ಯ ಕಟ್ಟುವುದು. ನನ್ನ ಟ್ರ್ಯಾಕ್ ಐದು ನಿಮಿಷ. ಮೊದಲ ಒಂದು ನಿಮಿಷ ಹಮ್ ಮಾತ್ರ, ಅದೂ ಕೇಳಿಯೂ ಕೇಳಿಸದಷ್ಟು. ಕೇಳುವವರು ವಾಲ್ಯೂಮ್ ಏರಿಸಿಕೊಳ್ಳುತ್ತಾರೆ. ಆಮೇಲೆ ಸಂಪಿನಲ್ಲಿ ಹಿಡಿದ ಹೊಡೆತ, ದೂರದಿಂದ. ಪ್ರತಿ ಎಂಟು ಹೊಡೆತಕ್ಕೆ ರಿವರ್ಬ್ ಸ್ವಲ್ಪ ಕಡಿಮೆ ಮಾಡುತ್ತಾ, ನೇರ ಸದ್ದನ್ನು ಏರಿಸುತ್ತಾ ಬಂದೆ. ಯಾರೋ ಹತ್ತಿರ ಬಂದ ಹಾಗಾಗುತ್ತದೆ, ಒಟ್ಟು ವಾಲ್ಯೂಮ್ ಮುಟ್ಟಿಯೇ ಇಲ್ಲ. ಮೂರನೇ ನಿಮಿಷದಲ್ಲಿ ಎಲ್ಲ ಸೇರುತ್ತದೆ. ಆಮೇಲೆ ಎರಡು ಸೆಕೆಂಡು ಪೂರ್ತಿ ಖಾಲಿ, ಹಮ್ ಕೂಡ ಇಲ್ಲ. ಅಷ್ಟು ಹೊತ್ತು ಕೇಳಿದ ಹಮ್ ನಿಂತಾಗಲೇ ಅದು ಇತ್ತು ಅಂತ ಮೈಗೆ ಗೊತ್ತಾಗುವುದು. ಆ ಖಾಲಿಯಿಂದ ಫ್ಲೈವೀಲ್ ಶುರುವಾಗುತ್ತದೆ, ಅರ್ಧ ವೇಗದಲ್ಲಿ, ಕೊನೆಯವರೆಗೆ. ಹಮ್ ಅದರ ಕೆಳಗೆ ಮೆಲ್ಲಗೆ ವಾಪಸ್ ಬರುತ್ತದೆ.

ಒಂದು ವಿಷಯದಲ್ಲಿ ನಾನು ಎಸ್‌ಪಿಕೆ ಜೊತೆ ಹೋಗುವುದಿಲ್ಲ. ಅವರೂ ಆ ಕಾಲದ ಬೇರೆ ತಂಡಗಳೂ ಹೆಣಗಳ, ರೋಗಿಗಳ ಚಿತ್ರ ತೋರಿಸಿ ಜನರನ್ನು ಬೆಚ್ಚಿಬೀಳಿಸುತ್ತಿದ್ದರು. ಜನ ನೋಡಲು ಒಲ್ಲದ್ದನ್ನು ತೋರಿಸಬೇಕು ಅನ್ನುವ ಹಟ ನನಗೆ ಅರ್ಥವಾಗುತ್ತದೆ. ಆದರೂ ಚಿತ್ರದಲ್ಲಿರುವ ಮನುಷ್ಯ ಒಪ್ಪಿಗೆ ಕೊಟ್ಟಿರುವುದಿಲ್ಲ. ಕತ್ತಲೆ ಬೇಕು ಅಂತ ಯಾರದೋ ನೋವಿನ ರೆಕಾರ್ಡಿಂಗ್ ಹುಡುಕಿ ಹಾಕಬೇಡಿ. ನಿಮ್ಮ ದನಿಯನ್ನೇ ಪಿಸುಮಾತಿನಲ್ಲಿ ಹಿಡಿದು ನಿಧಾನ ಮಾಡಿ ನೋಡಿ, ಸಾಕಾಗುತ್ತದೆ.

ಮಿಕ್ಸ್ ಮಾಡುವಾಗ 100 ಹರ್ಟ್ಸ್ ಕೆಳಗಿನದೆಲ್ಲ ಮೋನೋ (ಎರಡೂ ಕಿವಿಗೆ ಒಂದೇ ಸದ್ದು) ಇರಲಿ. ಮಾಸ್ಟರಿನಲ್ಲಿ ಅತಿ ಜೋರಿನ ಜಾಗವೂ ಮೈನಸ್ 6 ಡೆಸಿಬೆಲ್ ದಾಟದಿರಲಿ. ಮೊದಲ ನಿಮಿಷಕ್ಕೂ ಮೂರನೆಯದಕ್ಕೂ ಇರುವ ಅಂತರವನ್ನು ಲಿಮಿಟರ್ ಹಾಕಿ ಚಪ್ಪಟೆ ಮಾಡಬೇಡಿ, ಇಷ್ಟು ಹೊತ್ತು ಕಟ್ಟಿದ್ದು ಅದನ್ನೇ. ಹೆಡ್‌ಫೋನು, ಮೊಬೈಲು, ಯಾರದಾದರೂ ಕಾರು, ಮೂರರಲ್ಲೂ ಕೇಳಿ. ರಾತ್ರಿ ಲೈಟ್ ಆರಿಸಿ, ವಾಲ್ಯೂಮ್ ಕಡಿಮೆ ಇಟ್ಟು ಇನ್ನೊಂದು ಸಲ. ಆಗಲೂ ಹಿಡಿದು ಕೂರಿಸಿದರೆ 24 ಬಿಟ್ ವೇವ್ ಫೈಲ್ ಮಾಡಿ ಇಡಿ.

ಮುಗಿದ ಮೇಲೆ ಸದ್ದು ಎಲ್ಲಿಂದ ತಂದಿರೋ ಅಲ್ಲಿಗೆ ಒಂದು ಸಲ ಹೋಗಿ ಕೇಳಿಸಿ. ನಾನು ಟೀ ಬಿಡುವಿನಲ್ಲಿ ಹೋದೆ. ಪ್ರೆಸ್ ಅಣ್ಣ ಕೈ ಒರೆಸಿಕೊಂಡು ಹೆಡ್‌ಫೋನ್ ಹಾಕಿಕೊಂಡರು. ಮೊದಲ ನಿಮಿಷ ಏನೂ ಕೇಳಿಸ್ತಿಲ್ಲ ಅಂದರು. ಆಮೇಲೆ ಸುಮ್ಮನಾದರು. ಸ್ವಲ್ಪ ಹೊತ್ತಿಗೆ ಅವರ ಬಲಗಾಲು ನೆಲದ ಮೇಲೆ ಅಲ್ಲಾಡತೊಡಗಿತು, ಪೆಡಲ್ ಒತ್ತಿದ ಹಾಗೆ. ಪೂರ್ತಿ ಕೇಳಿ ಹೆಡ್‌ಫೋನ್ ತೆಗೆದು, "ಇದು ಊಟಕ್ಕೆ ಮುಂಚಿಂದು ಅಲ್ವಾ? ಕೊನೇಲಿ ಕೈ ನಿಧಾನ ಆಗಿದೆ" ಅಂದರು. ಮನೆಗೆ ಬಂದು ಫೈಲಿನ ಹೊತ್ತು ನೋಡಿದೆ. 12 ಗಂಟೆ 50 ನಿಮಿಷ.